ಹೈಪರ್‌ಟೆಕ್ಸ್ಟ್ ನಡೆದು ಬಂದ ದಾರಿ: ಪದೇ ಪದೇ ಕೇಳುವ ಪ್ರಶ್ನೆಗಳು

ಪರದೆಯ ಮೇಲಿನ ಒಂದು ಪದವನ್ನು ಒತ್ತಿದರೆ ಬೇರೊಂದು ಪುಟ ತೆರೆದುಕೊಳ್ಳುವುದು ಇಂದು ಯಾರ ಗಮನಕ್ಕೂ ಬಾರದಷ್ಟು ಸಹಜವಾಗಿದೆ. ಈ ಸಣ್ಣ ಕ್ರಿಯೆಯ ಚರಿತ್ರೆಯ ಬಗ್ಗೆ ಮಾತುಕತೆಗಳಲ್ಲಿ, ಪತ್ರಗಳಲ್ಲಿ ಮತ್ತೆ ಮತ್ತೆ ಎದುರಾಗುವ ಪ್ರಶ್ನೆಗಳನ್ನು ಕೇಳಿದವರ ಮಾತಿನಲ್ಲಿಯೇ ಇಟ್ಟು, ಸರಳವಾದವುಗಳಿಂದ ತುಸು ಆಳದವುಗಳವರೆಗೆ ಇಲ್ಲಿ ಜೋಡಿಸಿದ್ದೇನೆ. ಕೊಂಡಿಯನ್ನು (ಲಿಂಕ್) ಎಲ್ಲಿ ಬರೆದಿಡಬೇಕು, ಅದನ್ನು ಕಾಯುವ ಹೊಣೆ ಯಾರದು ಎಂಬ ಪ್ರಶ್ನೆಗೆ ಬೇರೆ ಬೇರೆ ಕಾಲದವರು ಕೊಟ್ಟ ಉತ್ತರಗಳೇ ಈ ಚರಿತ್ರೆಯ ತಿರುಳು ಎಂದು ನಾನು ತಿಳಿದಿದ್ದೇನೆ. ಉತ್ತರಗಳು ಆ ಕಡೆಗೆ ಹೆಚ್ಚು ಒಲಿದಿದ್ದರೆ ಅದಕ್ಕೆ ಕಾರಣ ಇದೇ.

## ಆರಂಭದ ಪ್ರಶ್ನೆಗಳು

ಹೈಪರ್‌ಟೆಕ್ಸ್ಟ್, ವೆಬ್, ಇಂಟರ್ನೆಟ್ ಮೂರೂ ಒಂದೇ ಅಲ್ಲವೇ?

ಅಲ್ಲ. ಇಂಟರ್ನೆಟ್ ಎಂಬುದು ಕಂಪ್ಯೂಟರುಗಳನ್ನು ಒಂದಕ್ಕೊಂದು ಜೋಡಿಸುವ ಜಾಲ. ಅದರ ಪೂರ್ವರೂಪವಾದ ಅರ್ಪಾನೆಟ್‌ನಲ್ಲಿ ಮೊದಲ ಸಂದೇಶ ಹರಿದದ್ದು 1969ರ ಅಕ್ಟೋಬರ್ 29ರಂದು. ವೆಬ್ ಆ ಜಾಲದ ಮೇಲೆ ನಡೆಯುವ ಹಲವು ಸೇವೆಗಳಲ್ಲಿ ಒಂದು. ಅದು ರೂಪುಗೊಂಡದ್ದು 1989ರಿಂದ 1991ರ ನಡುವೆ. ಹೈಪರ್‌ಟೆಕ್ಸ್ಟ್ ಇವೆರಡಕ್ಕಿಂತಲೂ ಹಳೆಯ ಕಲ್ಪನೆ. ಬರಹವನ್ನು ಬಿಡಿ ತುಣುಕುಗಳಾಗಿ ಇಟ್ಟು, ಒಂದರಿಂದ ಅದಕ್ಕೆ ಸಂಬಂಧಪಟ್ಟ ಇನ್ನೊಂದಕ್ಕೆ ಓದುಗ ತನ್ನ ಇಚ್ಛೆಯಂತೆ ಸಾಗಲು ಕೊಂಡಿಗಳನ್ನು ಒದಗಿಸುವ ವ್ಯವಸ್ಥೆಯೇ ಹೈಪರ್‌ಟೆಕ್ಸ್ಟ್. ಅದಕ್ಕೆ ಜಾಲವೇ ಬೇಕೆಂದಿಲ್ಲ, ಒಂಟಿ ಕಂಪ್ಯೂಟರಿನಲ್ಲೂ ಅದು ಇರಬಲ್ಲದು. 1980ರ ದಶಕದಲ್ಲಿ ಬಂದ ಇಂಥ ವ್ಯವಸ್ಥೆಗಳಲ್ಲಿ ಹೆಚ್ಚಿನವು ಹಾಗೆಯೇ ಇದ್ದವು.

ಪುಸ್ತಕದ ಅಡಿಟಿಪ್ಪಣಿ, ಪದಸೂಚಿ, ವಿಶ್ವಕೋಶದ "ಇದನ್ನೂ ನೋಡಿ" ಇವೆಲ್ಲ ಅದೇ ಕೆಲಸ ಮಾಡುತ್ತಿದ್ದವಲ್ಲ, ಹೊಸದೇನು?

ಅವು ಹೈಪರ್‌ಟೆಕ್ಸ್ಟ್‌ನ ಪೂರ್ವಜರೆಂಬುದರಲ್ಲಿ ಅನುಮಾನವಿಲ್ಲ. ಅಡಿಟಿಪ್ಪಣಿ ಮತ್ತೊಂದು ಪುಸ್ತಕವನ್ನು ಹೆಸರಿಸುತ್ತದೆ. ಅದನ್ನು ಹುಡುಕಿ ತೆಗೆಯುವ ಕೆಲಸ ಮಾತ್ರ ಓದುಗನದು. ಹೈಪರ್‌ಟೆಕ್ಸ್ಟ್‌ನಲ್ಲಿ ಆ ಕೆಲಸವನ್ನು ಯಂತ್ರ ಮಾಡುತ್ತದೆ. ಒಂದು ಉಲ್ಲೇಖವನ್ನು ಪರಿಶೀಲಿಸಲು ಅರ್ಧ ದಿನ ಬೇಕಾದಾಗ ಹತ್ತರಲ್ಲಿ ಒಂದನ್ನು ನೋಡುತ್ತೇವೆ, ಕ್ಷಣಮಾತ್ರ ಸಾಕಾದಾಗ ಎಲ್ಲವನ್ನೂ ನೋಡುವ ಸಾಧ್ಯತೆ ತೆರೆಯುತ್ತದೆ. ಆಗ ಓದುವ ರೀತಿಯೇ ಬದಲಾಗುತ್ತದೆ. ಇದರ ಜೊತೆಗೆ ಮತ್ತೊಂದು ವ್ಯತ್ಯಾಸವಿದೆ. ಪದಸೂಚಿಯನ್ನು ಮಾಡುವವರು ಲೇಖಕರು ಅಥವಾ ಪ್ರಕಾಶಕರು. ಹೈಪರ್‌ಟೆಕ್ಸ್ಟ್‌ನ ಆರಂಭದ ಚಿಂತಕರಲ್ಲಿ ಹಲವರು ಓದುಗನೂ ತನ್ನದೇ ಕೊಂಡಿಗಳನ್ನು ಸೇರಿಸುವಂತಿರಬೇಕೆಂದು ಬಯಸಿದ್ದರು. ಈ ಎರಡನೆಯ ಆಸೆ ಇಂದಿಗೂ ಪೂರ್ತಿಯಾಗಿ ಕೈಗೂಡಿಲ್ಲ.

ಇದನ್ನು ಕಂಡುಹಿಡಿದವರು ಯಾರು? ಒಂದೇ ಒಂದು ಹೆಸರು ಹೇಳಿ.

ಒಂದೇ ಹೆಸರು ಹೇಳಿದರೆ ಉಳಿದವರಿಗೆ ಅನ್ಯಾಯವಾಗುತ್ತದೆ. ಯಂತ್ರದ ಮೂಲಕ ಬರಹಗಳನ್ನು ಕೊಂಡಿಗಳಿಂದ ಪೋಣಿಸುವ ವಿಚಾರವನ್ನು ವಿವರವಾಗಿ ಮುಂದಿಟ್ಟವರು ವ್ಯಾನೆವರ್ ಬುಷ್ (1945). "ಹೈಪರ್‌ಟೆಕ್ಸ್ಟ್" ಎಂಬ ಹೆಸರನ್ನು ಕೊಟ್ಟು 1965ರಲ್ಲಿ ಪ್ರಕಟಿಸಿದವರು ಟೆಡ್ ನೆಲ್ಸನ್. ಕೆಲಸ ಮಾಡುವ ವ್ಯವಸ್ಥೆಗಳನ್ನು 1960ರ ದಶಕದಲ್ಲಿಯೇ ಕಟ್ಟಿ ತೋರಿಸಿದವರು ಡಗ್ಲಸ್ ಎಂಗೆಲ್‌ಬಾರ್ಟ್ ಮತ್ತು ಆಂಡ್ರೀಸ್ ವ್ಯಾನ್ ಡ್ಯಾಮ್ ಅವರ ತಂಡಗಳು. ಅದನ್ನು ಜಗತ್ತಿನ ಎಲ್ಲರ ಕೈಗೆ ತಲುಪಿಸಿದವರು ಟಿಮ್ ಬರ್ನರ್ಸ್-ಲೀ.

## ಕಂಪ್ಯೂಟರ್ ಪರದೆಗಿಂತ ಮೊದಲು

ಬುಷ್ ಅವರ "ಮೆಮೆಕ್ಸ್" ನಿಜವಾಗಿ ತಯಾರಾಯಿತೇ? ಅದು ಹೇಗೆ ಕೆಲಸ ಮಾಡಬೇಕಿತ್ತು?

ಮೆಮೆಕ್ಸ್ ಎಂದೂ ತಯಾರಾಗಲಿಲ್ಲ. ಅದು ಕಾಗದದ ಮೇಲೆಯೇ ಉಳಿದ ಯಂತ್ರ. ಎರಡನೆಯ ಮಹಾಯುದ್ಧದ ಕಾಲದಲ್ಲಿ ಅಮೆರಿಕದ ಯುದ್ಧಸಂಬಂಧಿ ವಿಜ್ಞಾನ ಸಂಶೋಧನೆಯನ್ನು ಮುನ್ನಡೆಸಿದ ಎಂಜಿನಿಯರ್ ವ್ಯಾನೆವರ್ ಬುಷ್, 1945ರ ಜುಲೈನಲ್ಲಿ "ದಿ ಅಟ್ಲಾಂಟಿಕ್ ಮಂತ್ಲಿ" ಪತ್ರಿಕೆಯಲ್ಲಿ ಬರೆದ ಲೇಖನದಲ್ಲಿ ಅದನ್ನು ವರ್ಣಿಸಿದರು. ಸಂಶೋಧನೆಗಳು ಬೆಟ್ಟದಂತೆ ಬೆಳೆಯುತ್ತಿವೆ, ಆದರೆ ಬೇಕಾದುದನ್ನು ಹುಡುಕುವ ಉಪಕರಣಗಳು ಹಳೆಯ ಕಾಲದಲ್ಲಿಯೇ ನಿಂತಿವೆ ಎಂಬುದು ಅವರ ಆತಂಕವಾಗಿತ್ತು. ಅಕ್ಷರಾನುಕ್ರಮವಾಗಿಯೋ ಅಂಕಿಗಳ ಕ್ರಮದಲ್ಲಿಯೋ ಜೋಡಿಸಿಟ್ಟ ಕಡತದಲ್ಲಿ ಮನಸ್ಸು ನಡೆಯುವುದಿಲ್ಲ, ಅದು ಒಂದು ನೆನಪಿನಿಂದ ಇನ್ನೊಂದಕ್ಕೆ ಸಂಬಂಧದ ಎಳೆ ಹಿಡಿದು ಹೋಗುತ್ತದೆ ಎಂದು ಅವರು ವಾದಿಸಿದರು.

ಅವರು ಕಲ್ಪಿಸಿದ ಯಂತ್ರ ನೋಡಲು ಒಂದು ಮೇಜು. ಮೇಲೆ ಓರೆಯಾಗಿ ನಿಂತ ಅರೆಪಾರದರ್ಶಕ ಪರದೆಗಳು, ಒಂದು ಕೀಲಿಮಣೆ, ಕೆಲವು ಸನ್ನೆಕೋಲುಗಳು. ಒಳಗೆ ಪುಸ್ತಕ, ಪತ್ರ, ಚಿತ್ರಗಳನ್ನು ತುಂಬಿಕೊಂಡ ಮೈಕ್ರೋಫಿಲ್ಮ್. ಬುಷ್ ಕೊಟ್ಟ ಉದಾಹರಣೆಯಲ್ಲಿ ಒಬ್ಬ ಸಂಶೋಧಕ, ಧರ್ಮಯುದ್ಧಗಳ ಕಾಲದಲ್ಲಿ ತುರ್ಕರ ಗಿಡ್ಡ ಬಿಲ್ಲು ಇಂಗ್ಲಿಷರ ಉದ್ದ ಬಿಲ್ಲಿಗಿಂತ ಹೇಗೆ ಮೇಲಾಯಿತು ಎಂದು ಹುಡುಕುತ್ತಿದ್ದಾನೆ. ವಿಶ್ವಕೋಶದ ಒಂದು ಲೇಖನ ಒಂದು ಪರದೆಯಲ್ಲಿ, ಇತಿಹಾಸದ ಒಂದು ಪುಟ ಪಕ್ಕದ ಪರದೆಯಲ್ಲಿ. ಪ್ರತಿ ಪುಟದ ಕೆಳಗೆ ಸಂಕೇತ ಬರೆಯಲು ಖಾಲಿ ಜಾಗ. ಒಂದು ಕೀಲಿಯನ್ನು ಒತ್ತಿದೊಡನೆ ಎರಡು ಪುಟಗಳೂ ಶಾಶ್ವತವಾಗಿ ಜೋಡಿಯಾಗುತ್ತವೆ, ಒಂದನ್ನು ತೆರೆದಾಗ ಗುಂಡಿ ಒತ್ತಿದರೆ ಇನ್ನೊಂದು ಬರುತ್ತದೆ. ವಸ್ತುಗಳ ಸ್ಥಿತಿಸ್ಥಾಪಕ ಗುಣದ ಕಡೆಗೆ ಒಂದು ಕವಲು ದಾರಿಯನ್ನೂ ಅವನು ಹಾಕಿಕೊಳ್ಳುತ್ತಾನೆ. ವರ್ಷಗಳ ನಂತರ ಗೆಳೆಯನೊಬ್ಬ ಅದೇ ವಿಷಯ ಎತ್ತಿದಾಗ, ಇಡೀ ಜಾಡಿನ ಪ್ರತಿ ತೆಗೆದು ಕೊಡುತ್ತಾನೆ. ಗೆಳೆಯ ಅದನ್ನು ತನ್ನ ಮೆಮೆಕ್ಸ್‌ನಲ್ಲಿ ಸೇರಿಸಿಕೊಳ್ಳುತ್ತಾನೆ.

ಇಲ್ಲಿ ಗಮನಿಸಬೇಕಾದದ್ದು, ಬುಷ್ ಅವರಿಗೆ ಒಂದೊಂದು ಕೊಂಡಿಗಿಂತ ಕೊಂಡಿಗಳ ಸಾಲಾದ "ಜಾಡು" ಮುಖ್ಯವಾಗಿತ್ತು ಎಂಬುದು. ಇಂಥ ಜಾಡುಗಳನ್ನು ಹಾಕಿಕೊಡುವುದೇ ಮುಂದೆ ಕೆಲವರ ವೃತ್ತಿಯಾಗುತ್ತದೆ ಎಂದೂ ಅವರು ಊಹಿಸಿದ್ದರು. ಇಂದಿನ ಬ್ರೌಸರ್ ನಾವು ನೋಡಿದ ಪುಟಗಳ ಪಟ್ಟಿಯನ್ನು ಇಟ್ಟುಕೊಳ್ಳುತ್ತದೆ ನಿಜ, ಆದರೆ ಅದನ್ನು ಒಪ್ಪವಾಗಿ ಜೋಡಿಸಿ ಇನ್ನೊಬ್ಬರಿಗೆ ಒಪ್ಪಿಸುವ ಸಾಧನವಾಗಿಸಿಲ್ಲ.

ಬುಷ್ ಅವರಿಗಿಂತ ಮೊದಲೇ ಬೆಲ್ಜಿಯಂನಲ್ಲಿ ಯಾರೋ ಇಂಥದ್ದನ್ನು ಮಾಡಿದ್ದರಂತೆ, ನಿಜವೇ?

ನಿಜ. ಪಾಲ್ ಓಟ್ಲೆ ಮತ್ತು ಆನ್ರಿ ಲಾ ಫಾಂಟೇನ್ ಎಂಬ ಇಬ್ಬರು 1895ರಲ್ಲಿ ಬ್ರಸೆಲ್ಸ್‌ನಲ್ಲಿ ಗ್ರಂಥಸೂಚಿಯ ಅಂತರರಾಷ್ಟ್ರೀಯ ಸಂಸ್ಥೆಯೊಂದನ್ನು ಸ್ಥಾಪಿಸಿದರು. ಜಗತ್ತಿನಲ್ಲಿ ಪ್ರಕಟವಾದುದೆಲ್ಲವನ್ನೂ ಕಾರ್ಡುಗಳಲ್ಲಿ ದಾಖಲಿಸುವುದು ಅವರ ಗುರಿ; ಮುಂದೆ ಮುಂಡೇನಿಯಂ ಎಂದು ಹೆಸರಾದ ಈ ಸಂಗ್ರಹದಲ್ಲಿ 1930ರ ದಶಕದ ಹೊತ್ತಿಗೆ 1.2 ಕೋಟಿಗೂ ಹೆಚ್ಚು ಕಾರ್ಡುಗಳಿದ್ದವು, ಅಂಚೆಯ ಮೂಲಕ ಬರುವ ಪ್ರಶ್ನೆಗಳಿಗೆ ಅವುಗಳಿಂದ ಉತ್ತರ ಹೋಗುತ್ತಿತ್ತು. ಅವರು ರೂಪಿಸಿದ ಸಾರ್ವತ್ರಿಕ ದಶಮಾಂಶ ವರ್ಗೀಕರಣದಲ್ಲಿ ಎರಡು ವಿಷಯಗಳ ಸಂಖ್ಯೆಗಳ ನಡುವೆ ವಿವರಣ ಚಿಹ್ನೆಯನ್ನು (:) ಹಾಕಿ, ಅವುಗಳಿಗೆ ಪರಸ್ಪರ ಸಂಬಂಧವಿದೆ ಎಂದು ತೋರಿಸಬಹುದಿತ್ತು. 1934ರಲ್ಲಿ ಪ್ರಕಟವಾದ ತಮ್ಮ ಗ್ರಂಥದಲ್ಲಿ ಓಟ್ಲೆ, ಓದುಗ ತನ್ನ ಮೇಜಿನ ಮುಂದೆ ಕುಳಿತು ದೂರದ ದಾಖಲೆಗಳನ್ನು ಪರದೆಯ ಮೇಲೆ ತರಿಸಿಕೊಳ್ಳುವ ದಿನವನ್ನು ಕಲ್ಪಿಸಿದರು. ಅದೇ ವರ್ಷ ಸರ್ಕಾರ ಸಂಗ್ರಹದ ಬಾಗಿಲು ಹಾಕಿತು. 1940ರಲ್ಲಿ ಆಕ್ರಮಣಕಾರಿ ಜರ್ಮನ್ ಆಡಳಿತ ಅದರ ಒಂದು ಭಾಗವನ್ನು ನಾಶಮಾಡಿತು. ಉಳಿದುದನ್ನು ಈಗ ಮೋನ್ಸ್ ನಗರದಲ್ಲಿ ನೋಡಬಹುದು.

ಓಟ್ಲೆ ಮತ್ತು ಬುಷ್ ಅವರ ನಡುವಿನ ಅಂತರ ದೊಡ್ಡದು. ಓಟ್ಲೆ ಅವರ ವ್ಯವಸ್ಥೆಯಲ್ಲಿ ಸಂಬಂಧಗಳನ್ನು ತೀರ್ಮಾನಿಸುವವರು ತಜ್ಞರು, ಎಲ್ಲವೂ ಒಂದು ಕೇಂದ್ರದಲ್ಲಿ ಇರುತ್ತದೆ. ಬುಷ್ ಅವರಲ್ಲಿ ಪ್ರತಿಯೊಬ್ಬ ಓದುಗನೂ ತನ್ನ ಮೇಜಿನಲ್ಲಿ ತನ್ನದೇ ಜಾಡು ಹಾಕಿಕೊಳ್ಳುತ್ತಾನೆ.

## 1960ರ ದಶಕ

ಟೆಡ್ ನೆಲ್ಸನ್ ಅವರ ಝನಾಡು ಮುಗಿಯಲೇ ಇಲ್ಲವಲ್ಲ, ಹಾಗಿದ್ದೂ ಅವರನ್ನು ಏಕೆ ಇಷ್ಟು ನೆನೆಯುತ್ತಾರೆ?

ಏಕೆಂದರೆ ಅವರು ಕೇಳಿದ ಪ್ರಶ್ನೆಗಳಿಗೆ ಇನ್ನೂ ಉತ್ತರ ಸಿಕ್ಕಿಲ್ಲ. ಹಾರ್ವರ್ಡ್‌ನಲ್ಲಿ ಓದುತ್ತಿದ್ದ ನೆಲ್ಸನ್ 1960ರಲ್ಲಿಯೇ ಝನಾಡು ಯೋಜನೆಯನ್ನು ಮನಸ್ಸಿನಲ್ಲಿ ಕಟ್ಟತೊಡಗಿದರು, ಐದು ವರ್ಷಗಳ ನಂತರ ಕಂಪ್ಯೂಟರ್ ವಿಜ್ಞಾನಿಗಳ ಸಮ್ಮೇಳನವೊಂದರಲ್ಲಿ ತಮ್ಮ ಪ್ರಬಂಧದ ಮೂಲಕ ಹೈಪರ್‌ಟೆಕ್ಸ್ಟ್ ಎಂಬ ಹೆಸರನ್ನು ಚಲಾವಣೆಗೆ ತಂದರು. ಬರೆಯುವವನ ವಿಚಾರಗಳು ಸದಾ ಬದಲಾಗುತ್ತಿರುತ್ತವೆ, ಆದ್ದರಿಂದ ಒಂದೇ ಬರಹದ ಹಲವು ಆವೃತ್ತಿಗಳನ್ನು ಪಕ್ಕಪಕ್ಕದಲ್ಲಿ ಇಟ್ಟು ಹೋಲಿಸಲು ಬರಬೇಕು ಎಂಬುದು ಅವರ ಮೂಲ ಕಾಳಜಿ.

ಝನಾಡುವಿನಲ್ಲಿ ಪ್ರತಿ ಕೊಂಡಿಯೂ ಎರಡೂ ತುದಿಗಳಿಂದ ಕಾಣಬೇಕಿತ್ತು: ನನ್ನ ಬರಹವನ್ನು ಯಾರು ಎಲ್ಲಿ ಉಲ್ಲೇಖಿಸಿದ್ದಾರೆಂದು ನನಗೂ ತಿಳಿಯಬೇಕು. ಒಂದು ಬರಹದ ಭಾಗವನ್ನು ಇನ್ನೊಂದರಲ್ಲಿ ಬಳಸಿದರೆ ಅದು ನಕಲಾಗದೆ ಮೂಲದಿಂದಲೇ ಬಂದು ಕೂರಬೇಕು, ಓದುಗ ಬಯಸಿದರೆ ಅಲ್ಲಿಂದ ಮೂಲದ ಪೂರ್ಣ ಸಂದರ್ಭಕ್ಕೆ ಹೋಗಬಹುದು. ಇದನ್ನು ಅವರು ಟ್ರಾನ್ಸ್‌ಕ್ಲೂಷನ್ ಎಂದು ಕರೆದರು. ಹಾಗೆ ಓದಿದಾಗಲೆಲ್ಲ ಮೂಲ ಲೇಖಕನಿಗೆ ಸಣ್ಣ ಮೊತ್ತದ ಗೌರವಧನ ತಾನಾಗಿ ಸಲ್ಲಬೇಕು. ಯಾವ ಕೊಂಡಿಯೂ ಮುರಿಯಬಾರದು. 1988ರಲ್ಲಿ ಆಟೋಡೆಸ್ಕ್ ಕಂಪನಿ ಈ ಯೋಜನೆಗೆ ಹಣ ಹೂಡಿತು, 1992ರಲ್ಲಿ ಕೈಬಿಟ್ಟಿತು. ಅಷ್ಟರೊಳಗೆ ವೆಬ್ ಹೊರಬಂದಾಗಿತ್ತು. ಝನಾಡು ಬಿದ್ದದ್ದು ಅದರ ವಿಚಾರಗಳು ತಪ್ಪಾಗಿದ್ದವೆಂದಲ್ಲ; ಎಲ್ಲವೂ ಒಟ್ಟಿಗೆ ಸಿದ್ಧವಾಗುವವರೆಗೆ ಯಾವುದನ್ನೂ ಜನರ ಕೈಗೆ ಕೊಡದ ಹಟದಿಂದ ಎಂಬುದು ನನ್ನ ಅಭಿಪ್ರಾಯ.

1968ರ ಪ್ರದರ್ಶನವನ್ನು "ಎಲ್ಲ ಪ್ರದರ್ಶನಗಳ ತಾಯಿ" ಎನ್ನುತ್ತಾರೆ. ಅಂದು ನಡೆದದ್ದು ಏನು?

1968ರ ಡಿಸೆಂಬರ್ 9ರಂದು ಸ್ಯಾನ್ ಫ್ರಾನ್ಸಿಸ್ಕೋದ ಸಮ್ಮೇಳನವೊಂದರಲ್ಲಿ, ಸುಮಾರು 1,000 ಕಂಪ್ಯೂಟರ್ ತಜ್ಞರ ಮುಂದೆ ಡಗ್ಲಸ್ ಎಂಗೆಲ್‌ಬಾರ್ಟ್ 90 ನಿಮಿಷಗಳ ಕಾಲ ಎನ್‌ಎಲ್‌ಎಸ್ ಎಂಬ ವ್ಯವಸ್ಥೆಯನ್ನು ನಡೆಸಿ ತೋರಿಸಿದರು. ತಲೆಗೆ ಧ್ವನಿಗ್ರಾಹಕ ಧರಿಸಿ ಕುಳಿತ ಅವರ ಬಲಗೈಯಲ್ಲಿ ಮೌಸ್, ಎಡಗೈಯಡಿ ಐದು ಕೀಲಿಗಳ ಪುಟ್ಟ ಫಲಕ, ನಡುವೆ ಸಾಮಾನ್ಯ ಕೀಲಿಮಣೆ. ಹಿಂದಿನ ಬೃಹತ್ ಪರದೆಯಲ್ಲಿ ಅವರ ಮುಖವೂ ಕಂಪ್ಯೂಟರಿನ ಅಕ್ಷರಗಳೂ ಒಂದರ ಮೇಲೊಂದು ಮೂಡುತ್ತಿದ್ದವು. ಕಂಪ್ಯೂಟರ್ ಮಾತ್ರ ಸಭಾಂಗಣದಲ್ಲಿರಲಿಲ್ಲ. ಅದು ಸುಮಾರು 50 ಕಿಲೋಮೀಟರ್ ದೂರದ ಮೆನ್ಲೋ ಪಾರ್ಕ್‌ನ ಪ್ರಯೋಗಾಲಯದಲ್ಲಿತ್ತು, ಚಿತ್ರಗಳು ಮೈಕ್ರೋವೇವ್ ಸಂಪರ್ಕದಲ್ಲಿ ಬರುತ್ತಿದ್ದವು.

ಅಂದು ಅವರು ಮಾಡಿದ್ದು ಕೇಳಲು ಸರಳ. ಒಂದು ಸಾಮಾನು ಪಟ್ಟಿಯನ್ನು ಬರೆದು, ಅದನ್ನು ಗುಂಪುಗಳಾಗಿ ವಿಂಗಡಿಸಿ, ಬೇಕಾದ ಸಾಲನ್ನು ಮಾತ್ರ ಬಿಡಿಸಿ ಉಳಿದುದನ್ನು ಮಡಚಿ, ಒಂದು ಪದದಿಂದ ಬೇರೊಂದು ಕಡತದ ನಿರ್ದಿಷ್ಟ ಸಾಲಿಗೆ ಜಿಗಿದರು. ಪ್ರಯೋಗಾಲಯದಲ್ಲಿದ್ದ ಸಹೋದ್ಯೋಗಿಯೊಂದಿಗೆ ಒಂದೇ ದಾಖಲೆಯ ಮೇಲೆ, ಪರಸ್ಪರ ಮುಖ ನೋಡುತ್ತಲೇ ಕೆಲಸ ಮಾಡಿದರು. ಎನ್‌ಎಲ್‌ಎಸ್‌ನಲ್ಲಿ ಪ್ರತಿ ಸಾಲಿಗೂ ವಿಳಾಸವಿತ್ತು. ಇಡೀ ದಾಖಲೆಗಷ್ಟೇ ಕೊಂಡಿ ಹಾಕುವ ಕಟ್ಟುಪಾಡು ಇರಲಿಲ್ಲ. ವೆಬ್ ಪುಟದ ಒಂದು ವಾಕ್ಯವನ್ನು ಗುರುತಿಸಿ, ನೇರವಾಗಿ ಅದಕ್ಕೇ ಕೊಂಡಿ ಕೊಡುವ ಸೌಲಭ್ಯ ಬ್ರೌಸರುಗಳಿಗೆ ಬಂದದ್ದು ಇದಾಗಿ ಅರ್ಧ ಶತಮಾನವೇ ಕಳೆದ ಮೇಲೆ.

ಎಂಗೆಲ್‌ಬಾರ್ಟ್ ನೌಕಾದಳದ ರಾಡಾರ್ ತಂತ್ರಜ್ಞರಾಗಿ ಫಿಲಿಪ್ಪೀನ್ಸ್‌ನಲ್ಲಿದ್ದಾಗಲೇ ಬುಷ್ ಅವರ ಲೇಖನವನ್ನು ಓದಿದ್ದರು, 1962ರಲ್ಲಿ ಬುಷ್ ಅವರಿಗೆ ಪತ್ರವನ್ನೂ ಬರೆದಿದ್ದರು.

ಪ್ರದರ್ಶನದ ಮಾತು ಹಾಗಿರಲಿ, ಹೈಪರ್‌ಟೆಕ್ಸ್ಟನ್ನು ನಿತ್ಯದ ಕೆಲಸಕ್ಕೆ ಮೊದಲು ಬಳಸಿದವರು ಯಾರು?

ಎಂಗೆಲ್‌ಬಾರ್ಟ್ ಅವರ ಪ್ರಯೋಗಾಲಯದವರೇ ತಮ್ಮ ವ್ಯವಸ್ಥೆಯನ್ನು ದಿನವೂ ಬಳಸುತ್ತಿದ್ದರು. ಹೊರಗಿನ ಬಳಕೆಯ ಮೊದಲ ಉದಾಹರಣೆಗಳಲ್ಲಿ ಬ್ರೌನ್ ವಿಶ್ವವಿದ್ಯಾಲಯದ್ದು ಮುಖ್ಯವಾದುದು. ಅಲ್ಲಿ 1967ರಲ್ಲಿ ಆಂಡ್ರೀಸ್ ವ್ಯಾನ್ ಡ್ಯಾಮ್ ಅವರ ತಂಡ, ನೆಲ್ಸನ್ ಅವರ ಸಹಯೋಗದಲ್ಲಿ, ಐಬಿಎಂ 360 ಯಂತ್ರದ ಮೇಲೆ ಹೈಪರ್‌ಟೆಕ್ಸ್ಟ್ ಎಡಿಟಿಂಗ್ ಸಿಸ್ಟಮ್ ಅನ್ನು ಕಟ್ಟಿತು. ಅಪೋಲೋ ಯೋಜನೆಯ ದಾಖಲೆಗಳನ್ನು ತಯಾರಿಸಲು ಹ್ಯೂಸ್ಟನ್‌ನ ಬಾಹ್ಯಾಕಾಶ ಕೇಂದ್ರ ಅದನ್ನು ಬಳಸಿತು. ಅದರ ಮುಂದಿನ ರೂಪವಾದ ಫ್ರೆಸ್‌ನಲ್ಲಿ ಎರಡು ದಿಕ್ಕಿನ ಕೊಂಡಿಗಳಿದ್ದವು, ಮಾಡಿದ ತಿದ್ದುಪಡಿಯನ್ನು ರದ್ದುಮಾಡುವ ಸೌಲಭ್ಯವೂ ಇತ್ತು. 1970ರ ದಶಕದಲ್ಲಿ ಆ ವಿಶ್ವವಿದ್ಯಾಲಯದ ಕಾವ್ಯದ ತರಗತಿಯೊಂದರ ವಿದ್ಯಾರ್ಥಿಗಳು ಕವಿತೆಗಳ ಮೇಲೆ ಬರೆದ ಟಿಪ್ಪಣಿಗಳನ್ನು ಫ್ರೆಸ್‌ನಲ್ಲಿ ಹಂಚಿಕೊಂಡು, ಒಬ್ಬರ ಮಾತಿಗೆ ಇನ್ನೊಬ್ಬರು ಉತ್ತರಿಸುತ್ತಿದ್ದರು.

## ಒಂಟಿ ಯಂತ್ರಗಳ ಕಾಲ

1980ರ ದಶಕದಲ್ಲಿ ಅಷ್ಟೊಂದು ಹೈಪರ್‌ಟೆಕ್ಸ್ಟ್ ತಂತ್ರಾಂಶಗಳಿದ್ದವಂತೆ. ಅವೆಲ್ಲ ಎಲ್ಲಿ ಹೋದವು?

ನಿಜಕ್ಕೂ ಅದು ಸಮೃದ್ಧ ಕಾಲ. ಕಾರ್ನೆಗಿ ಮೆಲಾನ್‌ನಲ್ಲಿ ಹುಟ್ಟಿದ ಝಾಗ್ ವ್ಯವಸ್ಥೆ ಕಾರ್ಲ್ ವಿನ್ಸನ್ ಎಂಬ ವಿಮಾನವಾಹಕ ನೌಕೆಯನ್ನೇರಿತು. ಮೇರಿಲ್ಯಾಂಡ್ ವಿಶ್ವವಿದ್ಯಾಲಯದಲ್ಲಿ ಬೆನ್ ಶ್ನೈಡರ್‌ಮನ್ ಅವರ ತಂಡ 1983ರಲ್ಲಿ ಆರಂಭಿಸಿದ ಹೈಪರ್‌ಟೈಸ್, ವಾಕ್ಯದೊಳಗಿನ ಪದವನ್ನೇ ಬೆಳಗಿಸಿ ಕೊಂಡಿಯಾಗಿಸಿತು. ಸಿಂಬಾಲಿಕ್ಸ್ ಕಂಪನಿ 1985ರಲ್ಲಿ ತನ್ನ ಯಂತ್ರಗಳ ಸುಮಾರು 8,000 ಪುಟಗಳ ಕೈಪಿಡಿಯನ್ನು ಹೈಪರ್‌ಟೆಕ್ಸ್ಟ್ ಆಗಿ ಕೊಟ್ಟಿತು. ಝೆರಾಕ್ಸ್ ಕಂಪನಿಯ ಪಾರ್ಕ್ ಸಂಶೋಧನ ಕೇಂದ್ರದ ನೋಟ್‌ಕಾರ್ಡ್ಸ್, ಬ್ರೌನ್‌ನ ಇಂಟರ್‌ಮೀಡಿಯಾ, ಕೆಂಟ್ ವಿಶ್ವವಿದ್ಯಾಲಯದಲ್ಲಿ ಮೊಳೆತ ಗೈಡ್ ಹೀಗೆ ಪಟ್ಟಿ ಬೆಳೆಯುತ್ತದೆ. 1987ರ ನವೆಂಬರ್‌ನಲ್ಲಿ ಚಾಪೆಲ್ ಹಿಲ್‌ನಲ್ಲಿ ಈ ವಿಷಯಕ್ಕೇ ಮೀಸಲಾದ ಸಮ್ಮೇಳನವೂ ನಡೆಯಿತು.

ಇವುಗಳ ಸಮಸ್ಯೆ ಒಂದೇ: ಒಂದರ ಕೊಂಡಿ ಇನ್ನೊಂದಕ್ಕೆ ಅರ್ಥವಾಗುತ್ತಿರಲಿಲ್ಲ. ಪ್ರತಿಯೊಂದೂ ನಿರ್ದಿಷ್ಟ ಯಂತ್ರಕ್ಕೆ, ನಿರ್ದಿಷ್ಟ ಕಡತ ರೂಪಕ್ಕೆ ಅಂಟಿಕೊಂಡಿತ್ತು, ಆ ಯಂತ್ರ ಹೋದಾಗ ಅದೂ ಹೋಯಿತು. ಇಂಟರ್‌ಮೀಡಿಯಾ ಇದಕ್ಕೆ ಬೇಸರ ತರುವ ಉದಾಹರಣೆ. ವೆಬ್‌ಗಿಂತ ಎಷ್ಟೋ ಮುಂದಿದ್ದ ಆ ವ್ಯವಸ್ಥೆ, ಆಪಲ್‌ನ ಎ/ಯುಎಕ್ಸ್ ಕಾರ್ಯಾಚರಣ ವ್ಯವಸ್ಥೆ ಬದಲಾಗಿ ಅದಕ್ಕೆ ಹೊಂದದಂತಾದಾಗ, ಹೊಸದಾಗಿ ಬರೆಯಲು ಹಣವಿಲ್ಲದೆ ನಿಂತುಹೋಯಿತು.

ಹೈಪರ್‌ಕಾರ್ಡ್ ಇಷ್ಟು ಜನಪ್ರಿಯವಾಗಿದ್ದೂ ಅದೇ ವೆಬ್ ಆಗಲಿಲ್ಲ ಏಕೆ?

ಅದರ ಕೊಂಡಿ ಒಂದು ಡಿಸ್ಕಿನ ಗಡಿಯನ್ನು ದಾಟುವ ಯೋಚನೆಯನ್ನೇ ಮಾಡಿರಲಿಲ್ಲ. ಬಿಲ್ ಅಟ್ಕಿನ್ಸನ್ ರೂಪಿಸಿದ ಹೈಪರ್‌ಕಾರ್ಡನ್ನು ಆಪಲ್ 1987ರ ಆಗಸ್ಟ್‌ನಲ್ಲಿ ಬಿಡುಗಡೆ ಮಾಡಿ, ಹೊಸ ಮ್ಯಾಕಿಂಟಾಷ್‌ಗಳ ಜೊತೆಗೆ ಉಚಿತವಾಗಿ ಕೊಟ್ಟಿತು. ಕಾರ್ಡುಗಳು, ಅವುಗಳ ಕಟ್ಟು, ಕಾರ್ಡಿನ ಮೇಲೆ ಗುಂಡಿ, ಗುಂಡಿಯ ಹಿಂದೆ ಸರಳ ಇಂಗ್ಲಿಷನ್ನು ಹೋಲುವ ಹೈಪರ್‌ಟಾಕ್ ಆಜ್ಞೆಗಳು, ಇಷ್ಟೇ. ಪ್ರೋಗ್ರಾಮಿಂಗ್ ಅರಿಯದ ಶಿಕ್ಷಕರು, ವೈದ್ಯರು, ಮಕ್ಕಳು ತಮಗೆ ಬೇಕಾದುದನ್ನು ಕಟ್ಟಿಕೊಂಡರು. 1993ರ ಪ್ರಸಿದ್ಧ ಆಟ ಮಿಸ್ಟ್ ಕೂಡ ಇದರಲ್ಲಿಯೇ ರೂಪುಗೊಂಡಿತು.

ಹತ್ತಿರದಿಂದ ನೋಡಿದರೆ ಒಂದು ಕೊರತೆ ಕಾಣುತ್ತದೆ. ಆರಂಭದ ಹೈಪರ್‌ಕಾರ್ಡ್‌ನಲ್ಲಿ ಒಂದು ಪದಕ್ಕೆ ಕೊಂಡಿ ಹಾಕಬೇಕಾದರೆ ಅದರ ಮೇಲೆ ಪಾರದರ್ಶಕ ಗುಂಡಿಯೊಂದನ್ನು ಹೊದಿಸುತ್ತಿದ್ದರು. ಮುಂದೆ ಆ ಸಾಲನ್ನು ತಿದ್ದಿದರೆ ಪದ ಜರುಗುತ್ತಿತ್ತು, ಗುಂಡಿ ಇದ್ದಲ್ಲೇ ಉಳಿದು ಬೇರೆ ಯಾವುದೋ ಪದದ ಮೇಲೆ ಕೂರುತ್ತಿತ್ತು. ಕೊಂಡಿ ಬರಹಕ್ಕೆ ಸೇರದೆ ಪರದೆಯ ಜಾಗಕ್ಕೆ ಸೇರಿದ್ದರ ಫಲ ಇದು. ಹಾಗಿದ್ದರೂ ಮುಂದಿನವರ ಮೇಲೆ ಅದರ ಪ್ರಭಾವ ಆಳವಾದದ್ದು. ಓದುಗರೇ ಪುಟಗಳನ್ನು ಬರೆದು ತಿದ್ದಬಹುದಾದ ಜಾಲತಾಣವಾದ ವಿಕಿಯ ಮೊದಲ ಬೀಜ ಇದ್ದದ್ದು ಒಂದು ಹೈಪರ್‌ಕಾರ್ಡ್ ಕಟ್ಟಿನಲ್ಲಿ.

## ವೆಬ್ ಬಂದ ಮೇಲೆ

ಇಷ್ಟೆಲ್ಲ ಮೊದಲೇ ಇದ್ದರೆ ಬರ್ನರ್ಸ್-ಲೀ ಹೊಸದಾಗಿ ಮಾಡಿದ್ದೇನು?

ಅವರು ಹೈಪರ್‌ಟೆಕ್ಸ್ಟನ್ನು ಇಂಟರ್ನೆಟ್‌ಗೆ ಹೊಂದಿಸಿದರು, ಅದಕ್ಕಾಗಿ ಎಷ್ಟನ್ನು ಬಿಡಬೇಕೋ ಅಷ್ಟನ್ನು ಧೈರ್ಯವಾಗಿ ಬಿಟ್ಟರು. ಜಿನೀವಾದ ಬಳಿಯ ಸರ್ನ್ ಭೌತವಿಜ್ಞಾನ ಸಂಸ್ಥೆಯಲ್ಲಿ ಸಾವಿರಾರು ಜನ ಬಂದು ಹೋಗುತ್ತಾರೆ. ಅವರಲ್ಲಿ ಹೆಚ್ಚಿನವರು ಇರುವುದು ಎರಡು ವರ್ಷ, ಅವರೊಂದಿಗೆ ಅವರ ತಿಳಿವಳಿಕೆಯೂ ಹೋಗುತ್ತದೆ ಎಂಬ ಸಮಸ್ಯೆಯನ್ನು ಮುಂದಿಟ್ಟು ಅವರು 1989ರ ಮಾರ್ಚ್‌ನಲ್ಲಿ ಒಂದು ಪ್ರಸ್ತಾವ ಸಲ್ಲಿಸಿದರು. ಅವರ ಮೇಲಧಿಕಾರಿ ಮೈಕ್ ಸೆಂಡಾಲ್ ಅದರ ಮೇಲೆ "ಅಸ್ಪಷ್ಟ, ಆದರೆ ರೋಮಾಂಚಕ" ಎಂಬರ್ಥದ ಮಾತನ್ನು ಬರೆದರು. 1990ರ ನವೆಂಬರ್‌ನಲ್ಲಿ ರಾಬರ್ಟ್ ಕಾಯೊ ಅವರೊಂದಿಗೆ ಪರಿಷ್ಕೃತ ಪ್ರಸ್ತಾವ ಸಿದ್ಧವಾಯಿತು, ಅದೇ ವರ್ಷದ ಕೊನೆಗೆ ಮೊದಲ ಸರ್ವರ್ ಮತ್ತು ಮೊದಲ ಬ್ರೌಸರ್ ನೆಕ್ಸ್ಟ್ ಎಂಬ ಕಂಪನಿಯ ಕಂಪ್ಯೂಟರಿನಲ್ಲಿ ನಡೆದವು. ಆ ಯಂತ್ರಕ್ಕೆ, ಇದು ಸರ್ವರ್, ಇದನ್ನು ಆರಿಸಬೇಡಿ ಎಂದು ಕೆಂಪು ಶಾಯಿಯಲ್ಲಿ ಬರೆದ ಚೀಟಿಯನ್ನು ಅಂಟಿಸಲಾಗಿತ್ತು.

ವೆಬ್‌ನ ಅಂಗಗಳು ಮೂರು. ಯಾವ ಯಂತ್ರದ ಯಾವ ದಾಖಲೆ ಎಂಬುದನ್ನು ಒಂದೇ ಸಾಲಿನಲ್ಲಿ ಹೇಳುವ ವಿಳಾಸ, ಅಂದರೆ ಯುಆರ್‌ಎಲ್. ಅದನ್ನು ಕೇಳಿ ಪಡೆಯಲು ಯಂತ್ರಗಳು ಪಾಲಿಸುವ ಎಚ್‌ಟಿಟಿಪಿ ನಿಯಮಾವಳಿ. ಪುಟವನ್ನು ಬರೆಯುವ ಎಚ್‌ಟಿಎಂಎಲ್ ಭಾಷೆ. ಇವುಗಳಲ್ಲಿ ನಿಜವಾಗಿ ಕ್ರಾಂತಿಕಾರಿಯಾದದ್ದು ವಿಳಾಸ ಎಂದು ನನಗನಿಸುತ್ತದೆ. ಕೊಂಡಿ ಹಾಕಲು ಯಾರ ಅನುಮತಿಯೂ ಬೇಡ, ಯಾವ ಕೇಂದ್ರದಲ್ಲಿಯೂ ನೋಂದಾಯಿಸಬೇಕಿಲ್ಲ. ವಿಳಾಸ ಗೊತ್ತಿದ್ದರೆ ಸಾಕು.

ಹೈಪರ್‌ಟೆಕ್ಸ್ಟ್ ತಜ್ಞರು ವೆಬ್ಬನ್ನು ತಿರಸ್ಕರಿಸಿದ್ದರು ಎಂಬುದು ನಿಜವೇ?

1991ರ ಡಿಸೆಂಬರ್‌ನಲ್ಲಿ ಸ್ಯಾನ್ ಆಂಟೋನಿಯೋದಲ್ಲಿ ನಡೆದ ಹೈಪರ್‌ಟೆಕ್ಸ್ಟ್ ಸಮ್ಮೇಳನಕ್ಕೆ ವೆಬ್ ಕುರಿತು ಕಳಿಸಿದ ಪ್ರಬಂಧ ಆಯ್ಕೆಯಾಗಲಿಲ್ಲ. ಪ್ರಾತ್ಯಕ್ಷಿಕೆಗೆ ಮಾತ್ರ ಅವಕಾಶ ಸಿಕ್ಕಿತು. ತಜ್ಞರ ದೃಷ್ಟಿಯಿಂದ ನೋಡಿದರೆ ಇದು ಆಶ್ಚರ್ಯವಲ್ಲ. ಅವರ ವ್ಯವಸ್ಥೆಗಳಲ್ಲಿ ಎರಡು ದಿಕ್ಕಿನ ಕೊಂಡಿಗಳಿದ್ದವು, ಕೊಂಡಿಗಳಿಗೆ ವಿಧಗಳಿದ್ದವು, ನಕ್ಷೆಗಳಿದ್ದವು. ವೆಬ್‌ನಲ್ಲಿ ಅದಾವುದೂ ಇರಲಿಲ್ಲ. ಅವರು ಅಳೆದದ್ದು ಕೊಂಡಿಯ ಗುಣವನ್ನು, ವೆಬ್‌ನ ಶಕ್ತಿ ಇದ್ದದ್ದು ಅದರ ಹರಹಿನಲ್ಲಿ.

ಗೋಫರ್ ಆಗ ವೆಬ್‌ಗಿಂತ ದೊಡ್ಡದಾಗಿತ್ತಂತೆ. ಸೋತದ್ದು ಹೇಗೆ?

ಮಿನೆಸೋಟ ವಿಶ್ವವಿದ್ಯಾಲಯದಿಂದ 1991ರಲ್ಲಿ ಬಂದ ಗೋಫರ್, ಮಾಹಿತಿಯನ್ನು ಮೆನುಗಳೊಳಗೆ ಮೆನುವಾಗಿ ಜೋಡಿಸುತ್ತಿತ್ತು. ಬಳಕೆ ಸುಲಭ, ಮೊದಲೆರಡು ವರ್ಷ ಅದರದೇ ಮೇಲುಗೈ. 1993ರ ಆರಂಭದಲ್ಲಿ ವಿಶ್ವವಿದ್ಯಾಲಯ ಕೆಲವು ಬಳಕೆದಾರರಿಂದ ಸರ್ವರ್ ತಂತ್ರಾಂಶಕ್ಕೆ ಪರವಾನಗಿ ಶುಲ್ಕ ಪಡೆಯುವುದಾಗಿ ಹೇಳಿದ್ದು ಅನೇಕರನ್ನು ಹಿಂಜರಿಸಿತು. ಅದೇ ವರ್ಷದ ಏಪ್ರಿಲ್ 30ರಂದು ಸರ್ನ್ ವೆಬ್‌ನ ತಂತ್ರಾಂಶವನ್ನು ಯಾವ ಶುಲ್ಕವೂ ಇಲ್ಲದೆ ಸಾರ್ವಜನಿಕರಿಗೆ ಬಿಟ್ಟುಕೊಟ್ಟಿತು. ಇಲಿನಾಯ್‌ನ ಸಂಶೋಧನ ಕೇಂದ್ರದಲ್ಲಿ ಮಾರ್ಕ್ ಆಂಡ್ರೀಸನ್ ಮತ್ತು ಎರಿಕ್ ಬೀನಾ ಬರೆದ ಮೊಸಾಯಿಕ್ ಬ್ರೌಸರ್, ಅಕ್ಷರಗಳ ನಡುವೆಯೇ ಚಿತ್ರವನ್ನು ತೋರಿಸುತ್ತ ಹೊರಬಂದದ್ದೂ ಅದೇ ವರ್ಷ.

ಕೊಂಡಿಗಳು ನೀಲಿ ಬಣ್ಣದಲ್ಲಿಯೇ ಏಕೆ ಇರುತ್ತವೆ?

ಮೊದಲ ಬ್ರೌಸರ್ ನಡೆಯುತ್ತಿದ್ದ ನೆಕ್ಸ್ಟ್ ಪರದೆಗೆ ಬಣ್ಣವೇ ಇರಲಿಲ್ಲ, ಆದ್ದರಿಂದ ಕೊಂಡಿಗೆ ಅಡಿಗೆರೆ ಮಾತ್ರ ಇತ್ತು. ನೀಲಿಯನ್ನು ಜನರ ಕಣ್ಣಿಗೆ ಒಗ್ಗಿಸಿದ್ದು 1993ರ ಮೊಸಾಯಿಕ್. ಅದಕ್ಕೂ ಹಿಂದೆ ಮೇರಿಲ್ಯಾಂಡ್‌ನ ಹೈಪರ್‌ಟೈಸ್ ತಂಡ ಬಣ್ಣಗಳನ್ನು ಪರೀಕ್ಷಿಸಿ, ಓದಿಗೆ ಅಡ್ಡಿಯಾಗದೆ ಎದ್ದು ಕಾಣುತ್ತದೆ ಎಂದು ತಿಳಿನೀಲಿಯನ್ನು ಆರಿಸಿತ್ತು.

## ಆಳದ ಪ್ರಶ್ನೆಗಳು

ಫ್ರೆಸ್, ಇಂಟರ್‌ಮೀಡಿಯಾಗಳಲ್ಲಿ ಎರಡು ದಿಕ್ಕಿನ ಕೊಂಡಿ ಇದ್ದಮೇಲೆ ವೆಬ್‌ನಲ್ಲಿ ಒಂದೇ ದಿಕ್ಕು ಏಕೆ? ಮರೆತುಬಿಟ್ಟರೇ?

ಮರೆತದ್ದಲ್ಲ, ಯೋಚಿಸಿಯೇ ಬಿಟ್ಟದ್ದು. ಬರ್ನರ್ಸ್-ಲೀ 1980ರಲ್ಲಿ ಸರ್ನ್‌ನಲ್ಲಿ ಕೆಲವು ತಿಂಗಳು ಕೆಲಸ ಮಾಡಿದಾಗ ಎನ್‌ಕ್ವೈರ್ ಎಂಬ ಸಣ್ಣ ಪ್ರೋಗ್ರಾಮನ್ನು ತಮಗಾಗಿ ಬರೆದುಕೊಂಡಿದ್ದರು. ಅದರಲ್ಲಿ ಒಂದೇ ಕಡತದೊಳಗಿನ ಕೊಂಡಿ ಎರಡೂ ತುದಿಗಳಲ್ಲಿ ಕಾಣುತ್ತಿತ್ತು, ಬೇರೆ ಕಡತಕ್ಕೆ ಹೋಗುವ ಕೊಂಡಿ ಒಂದು ತುದಿಯಲ್ಲಿ ಮಾತ್ರ. ಸಾವಿರಾರು ಜನ ಒಂದು ಪುಟಕ್ಕೆ ಕೊಂಡಿ ಹಾಕಿದರೆ ಆ ಎಲ್ಲ ಮರುಕೊಂಡಿಗಳನ್ನು ಪುಟದ ಒಡೆಯ ಏಕೆ ಹೊತ್ತುಕೊಳ್ಳಬೇಕು ಎಂಬುದು ಅವರ ತರ್ಕ.

ತಾಂತ್ರಿಕವಾಗಿ ಇದರ ಅರ್ಥ ಹೀಗಿದೆ. ಎರಡು ದಿಕ್ಕಿನ ಕೊಂಡಿಯನ್ನು ಎರಡೂ ದಾಖಲೆಗಳಿಗೆ ಹೊರಗಿನ ಮೂರನೆಯ ಜಾಗದಲ್ಲಿ ಇಡಬೇಕು. ಇಂಟರ್‌ಮೀಡಿಯಾ ಹಾಗೆ ಪ್ರತ್ಯೇಕ ಡೇಟಾಬೇಸಿನಲ್ಲಿ ಇಟ್ಟಿತ್ತು. ಸೌತಾಂಪ್ಟನ್ ವಿಶ್ವವಿದ್ಯಾಲಯದಲ್ಲಿ ವೆಂಡಿ ಹಾಲ್ ಅವರ ತಂಡ ಕಟ್ಟಿದ ಮೈಕ್ರೋಕಾಸ್ಮ್ ಕೂಡ. ಇದರಿಂದ ದೊಡ್ಡ ಲಾಭಗಳಿದ್ದವು: ತಿದ್ದಲು ಬಾರದ ದಾಖಲೆಗೂ ಓದುಗ ಕೊಂಡಿ ಹಾಕಬಹುದು, ಒಂದೇ ಗ್ರಂಥಕ್ಕೆ ವಿದ್ಯಾರ್ಥಿಗೊಂದು, ಸಂಶೋಧಕನಿಗೊಂದು ಕೊಂಡಿಗಳ ಸಮೂಹ ಇರಬಹುದು. ಆದರೆ ಜಗತ್ತಿನಾದ್ಯಂತ ಹರಡಿದ, ಒಬ್ಬರನ್ನೊಬ್ಬರು ಅರಿಯದ ಸರ್ವರುಗಳ ನಡುವೆ ಅಂಥ ಡೇಟಾಬೇಸನ್ನು ನಡೆಸುವವರು ಯಾರು, ಅದರ ಖರ್ಚು ಯಾರದು? ಬರ್ನರ್ಸ್-ಲೀ ಕೊಂಡಿಯನ್ನು ಹೊರಡುವ ಪುಟದೊಳಗೇ ಬರೆದರು. ಹೋಗಿ ಸೇರುವ ಪುಟಕ್ಕೆ ಅದರ ಸುದ್ದಿಯೇ ಇರುವುದಿಲ್ಲ. ಆ ಪುಟ ಇಲ್ಲವಾದರೆ ಸರ್ವರ್ 404 ಎಂಬ ಸಂಖ್ಯೆಯನ್ನು ಕಳಿಸುತ್ತದೆ. ಮುರಿಯುವ ಸಾಧ್ಯತೆಯನ್ನು ಒಪ್ಪಿಕೊಂಡದ್ದರಿಂದಲೇ ವೆಬ್ ಅಷ್ಟು ಬೇಗ ಬೆಳೆಯಿತು.

ಎರಡು ದಿಕ್ಕಿನ ಕೊಂಡಿಯನ್ನು ವೆಬ್‌ಗೆ ತರುವ ಯತ್ನಗಳು ನಿಂತಿಲ್ಲ. ವೆಬ್‌ನ ಮಾನದಂಡಗಳನ್ನು ರೂಪಿಸುವ ಡಬ್ಲ್ಯು3ಸಿ ಸಂಸ್ಥೆಯ 2001ರ ಎಕ್ಸ್‌ಲಿಂಕ್ ಶಿಫಾರಸು ಹೊರಗಿನಿಂದ ಹಾಕುವ, ಹಲವು ತುದಿಗಳ ಕೊಂಡಿಗಳನ್ನು ವಿವರಿಸಿತು, ಆದರೆ ಬ್ರೌಸರುಗಳು ಅದನ್ನು ಪೂರ್ತಿಯಾಗಿ ಅಳವಡಿಸಿಕೊಳ್ಳಲಿಲ್ಲ. 2017ರ ವೆಬ್‌ಮೆನ್ಷನ್ ಶಿಫಾರಸು, ಕೊಂಡಿ ಹಾಕಿದವರು ಎದುರು ಪುಟಕ್ಕೆ ಸುದ್ದಿ ಮುಟ್ಟಿಸುವ ಸರಳ ಕ್ರಮವನ್ನು ಕೊಟ್ಟಿದೆ. ಸಣ್ಣ ವಲಯದಲ್ಲಿ ಅದು ಬಳಕೆಯಲ್ಲಿದೆ.

ಹಾಗಾದರೆ ಹುಡುಕಾಟದ ಎಂಜಿನ್‌ಗಳು ಯಾರು ಯಾರಿಗೆ ಕೊಂಡಿ ಹಾಕಿದ್ದಾರೆಂದು ತಿಳಿಯುವುದು ಹೇಗೆ?

ವೆಬ್ಬನ್ನೆಲ್ಲ ಸುತ್ತಿ, ಪುಟಗಳ ಪ್ರತಿ ತೆಗೆದು, ಕೊಂಡಿಗಳನ್ನು ತಿರುಗಿಸಿ ಪಟ್ಟಿ ಮಾಡುವ ಮೂಲಕ. ಸ್ಟ್ಯಾನ್‌ಫರ್ಡ್‌ನಲ್ಲಿ 1996ರಲ್ಲಿ ಲ್ಯಾರಿ ಪೇಜ್ ಮತ್ತು ಸರ್ಗೇ ಬ್ರಿನ್ ಆರಂಭಿಸಿದ ಯೋಜನೆಯ ಹೆಸರು ಬ್ಯಾಕ್‌ರಬ್. ಹಿಂದಿನಿಂದ ಬರುವ ಕೊಂಡಿಗಳ ಅಧ್ಯಯನವೇ ಅದರ ಉದ್ದೇಶ. ಸಂಶೋಧನ ಪ್ರಬಂಧಕ್ಕೆ ದೊರೆತ ಉಲ್ಲೇಖಗಳಿಂದ ಅದರ ತೂಕವನ್ನು ಅಳೆಯುವ ಹಳೆಯ ಪದ್ಧತಿಯನ್ನು ಅವರು ಪುಟಗಳಿಗೆ ಅನ್ವಯಿಸಿ, ತೂಕವಿರುವ ಪುಟದಿಂದ ಬಂದ ಕೊಂಡಿಗೆ ಹೆಚ್ಚು ಬೆಲೆ ಕೊಟ್ಟರು. 1998ರಲ್ಲಿ ಪ್ರಕಟವಾದ ಪೇಜ್‌ರ್‍ಯಾಂಕ್ ಇದೇ. ವೆಬ್ ಸಾರ್ವಜನಿಕವಾಗಿ ಇಡದೆ ಬಿಟ್ಟ ಮರುಕೊಂಡಿಗಳ ಪಟ್ಟಿ ಹೀಗೆ ಖಾಸಗಿ ಸಂಸ್ಥೆಗಳ ಆಸ್ತಿಯಾಯಿತು. ನೆಲ್ಸನ್ ಎಲ್ಲ ಓದುಗರಿಗೂ ಕಾಣಬೇಕೆಂದದ್ದು ಈಗ ಕೆಲವರ ಸರ್ವರುಗಳಲ್ಲಿ ಮಾತ್ರ ಪೂರ್ಣವಾಗಿದೆ ಎಂಬುದು ನನ್ನನ್ನು ಕಾಡುವ ವಿಚಾರ.

ಹಳೆಯ ಕೊಂಡಿಗಳು ಎಷ್ಟು ಪ್ರಮಾಣದಲ್ಲಿ ಸಾಯುತ್ತಿವೆ? ತಡೆಯಲು ಏನು ಮಾಡಿದ್ದಾರೆ?

ಪ್ರಮಾಣ ಆತಂಕ ಹುಟ್ಟಿಸುವಷ್ಟಿದೆ. 2013ರಲ್ಲಿದ್ದ ವೆಬ್ ಪುಟಗಳಲ್ಲಿ ಶೇ. 38ರಷ್ಟು ಹತ್ತು ವರ್ಷಗಳ ನಂತರ ಸಿಗುತ್ತಿರಲಿಲ್ಲ ಎಂದು ಪ್ಯೂ ಸಂಶೋಧನ ಕೇಂದ್ರ 2024ರಲ್ಲಿ ವರದಿ ಮಾಡಿತು. ಅಮೆರಿಕದ ಸುಪ್ರೀಂ ಕೋರ್ಟಿನ ತೀರ್ಪುಗಳಲ್ಲಿ ಉಲ್ಲೇಖಿತವಾದ ಕೊಂಡಿಗಳಲ್ಲಿ ಅರ್ಧದಷ್ಟು ಮೂಲ ಮಾಹಿತಿಗೆ ಒಯ್ಯುತ್ತಿಲ್ಲ ಎಂದು 2014ರಲ್ಲಿ ಪ್ರಕಟವಾದ ಹಾರ್ವರ್ಡ್ ಅಧ್ಯಯನ ತೋರಿಸಿತು. ತೀರ್ಪಿನ ಆಧಾರವೇ ಕಾಣೆಯಾದರೆ ಮುಂದಿನವರು ಅದನ್ನು ಪರಿಶೀಲಿಸುವುದು ಹೇಗೆ?

ಬ್ರೂಸ್ಟರ್ ಕೇಲ್ 1996ರಲ್ಲಿ ಆರಂಭಿಸಿದ ಇಂಟರ್ನೆಟ್ ಆರ್ಕೈವ್ ಪುಟಗಳ ಪ್ರತಿಗಳನ್ನು ಕಾಪಾಡುತ್ತಿದೆ. 2001ರಿಂದ ವೇಬ್ಯಾಕ್ ಮಷೀನ್ ಮೂಲಕ ಅವನ್ನು ಯಾರು ಬೇಕಾದರೂ ನೋಡಬಹುದು. ವಿದ್ವತ್ ಪ್ರಬಂಧಗಳಿಗೆ ಡಿಒಐ ಎಂಬ ಸ್ಥಿರ ಗುರುತಿದೆ: ಪ್ರಬಂಧ ಬೇರೆ ಸರ್ವರಿಗೆ ಹೋದರೆ ಗುರುತು ಬದಲಾಗುವುದಿಲ್ಲ, ಅದು ತೋರುವ ವಿಳಾಸವನ್ನಷ್ಟೇ ತಿದ್ದುತ್ತಾರೆ. ನ್ಯಾಯಾಲಯ, ಪತ್ರಿಕೆಗಳಿಗಾಗಿ ಹಾರ್ವರ್ಡ್‌ನಿಂದ ಪರ್ಮಾ ಎಂಬ ಸೇವೆ ಬಂದಿದೆ. ಇವೆಲ್ಲವೂ ಕೊಂಡಿಯನ್ನು ಕಾಯುವ ಹೊಣೆಯನ್ನು ಮತ್ತೆ ಒಂದು ಸಂಸ್ಥೆಯ ಹೆಗಲಿಗೆ ಹಾಕುತ್ತವೆ ಎಂಬುದನ್ನು ಗಮನಿಸಬೇಕು.

ಕೊಂಡಿಯ ಮೇಲೆ ಒಂದು ಕಂಪನಿ ಪೇಟೆಂಟ್ ಹಕ್ಕು ಸಾಧಿಸಿತ್ತೇ?

ಬ್ರಿಟಿಷ್ ಟೆಲಿಕಾಂ ಅಂಥ ಯತ್ನ ಮಾಡಿತು. 1970ರ ದಶಕದ ಟೆಲಿಫೋನ್ ಆಧಾರಿತ ಮಾಹಿತಿ ಸೇವೆಗಾಗಿ ಸಲ್ಲಿಸಿ, ಅಮೆರಿಕದಲ್ಲಿ 1989ರಲ್ಲಿ ಮಂಜೂರಾದ ಪೇಟೆಂಟನ್ನು ಹಿಡಿದು, ಅದು 2000ದಲ್ಲಿ ಪ್ರಾಡಿಜಿ ಎಂಬ ಇಂಟರ್ನೆಟ್ ಸೇವಾ ಕಂಪನಿಯ ಮೇಲೆ ದಾವೆ ಹೂಡಿತು. 1968ರ ಎಂಗೆಲ್‌ಬಾರ್ಟ್ ಪ್ರದರ್ಶನದ ಚಲನಚಿತ್ರ ಆಗ ಮತ್ತೆ ಚರ್ಚೆಗೆ ಬಂತು. 2002ರ ಆಗಸ್ಟ್‌ನಲ್ಲಿ ನ್ಯಾಯಾಲಯ ದಾವೆಯನ್ನು ತಳ್ಳಿಹಾಕಿತು: ಪೇಟೆಂಟ್ ವರ್ಣಿಸಿದ್ದು ಒಂದು ಕೇಂದ್ರ ಕಂಪ್ಯೂಟರನ್ನು, ಇಂಟರ್ನೆಟ್‌ಗೆ ಅಂಥ ಕೇಂದ್ರವಿಲ್ಲ.

ಈಚಿನ ಟಿಪ್ಪಣಿ ಆ್ಯಪ್‌ಗಳಲ್ಲಿ "ಬ್ಯಾಕ್‌ಲಿಂಕ್" ದೊಡ್ಡ ಹೊಸತನವೆಂಬಂತೆ ಹೇಳುತ್ತಾರೆ. ಅದು ಹೊಸದೇ?

ಬ್ಯಾಕ್‌ಲಿಂಕ್ ಎಂದರೆ ಮರುಕೊಂಡಿಯೇ. ಅದು ಹೊಸದಲ್ಲ, ಮರಳಿ ಬಂದದ್ದು. ವಾರ್ಡ್ ಕನ್ನಿಂಗ್‌ಹ್ಯಾಮ್ 1995ರ ಮಾರ್ಚ್ 25ರಂದು ತೆರೆದ ಮೊದಲ ವಿಕಿಯಲ್ಲಿ ಪುಟದ ಶೀರ್ಷಿಕೆಯನ್ನು ಒತ್ತಿದರೆ, ಆ ಪುಟವನ್ನು ಹೆಸರಿಸಿದ ಇತರ ಪುಟಗಳ ಪಟ್ಟಿ ಬರುತ್ತಿತ್ತು. ಇನ್ನೂ ಬರೆಯದ ಪುಟಕ್ಕೂ ಕೊಂಡಿ ಹಾಕಬಹುದಿತ್ತು. ಪಕ್ಕದ ಪ್ರಶ್ನಾರ್ಥಕ ಚಿಹ್ನೆಯನ್ನು ಒತ್ತಿದರೆ ಬರೆಯಲು ಜಾಗ ತೆರೆಯುತ್ತಿತ್ತು. 2001ರಲ್ಲಿ ಆರಂಭವಾದ ವಿಕಿಪೀಡಿಯದ ಪ್ರತಿ ಪುಟದಲ್ಲಿಯೂ "ಇಲ್ಲಿಗೆ ಯಾವ ಕೊಂಡಿಗಳಿವೆ" ಎಂಬ ಸೌಲಭ್ಯವಿದೆ. ಇವೆಲ್ಲ ಸಾಧ್ಯವಾಗುವುದು ಎಲ್ಲ ಪುಟಗಳೂ ಒಂದೇ ಡೇಟಾಬೇಸಿನಲ್ಲಿ ಇರುವುದರಿಂದ. ಒಬ್ಬನ ಟಿಪ್ಪಣಿಗಳು, ಒಂದು ವಿಶ್ವಕೋಶ ಹೀಗೆ ಗಡಿ ಹಾಕಿಕೊಂಡ ಕೂಡಲೇ 1980ರ ದಶಕದ ಶ್ರೀಮಂತ ಕೊಂಡಿಗಳು ಕೈಗೆಟುಕುತ್ತವೆ. ಗಡಿ ತೆಗೆದೊಡನೆ ಕೈಜಾರುತ್ತವೆ. ಹೊಸ ಆ್ಯಪ್‌ಗಳು ಮಾಡಿದ ಒಳ್ಳೆಯ ಕೆಲಸವೆಂದರೆ, ಮರುಕೊಂಡಿಯನ್ನು ಮೆನುವಿನ ಮೂಲೆಯಿಂದ ತೆಗೆದು ಪುಟದ ಕೆಳಗೇ, ಅದು ಬಂದ ವಾಕ್ಯದ ಸಮೇತ ತೋರಿಸಿದ್ದು.

ಈ ಹಳೆಯ ವ್ಯವಸ್ಥೆಗಳನ್ನು ಇಂದು ನಾವೇ ಬಳಸಿ ನೋಡಬಹುದೇ?

ಕೆಲವನ್ನು ನೋಡಬಹುದು, ನೋಡಲೇಬೇಕು ಎಂಬುದು ನನ್ನ ಒತ್ತಾಯ. 1968ರ ಪ್ರದರ್ಶನದ ಚಿತ್ರ ಅಂತರ್ಜಾಲದಲ್ಲಿ ಉಚಿತವಾಗಿ ದೊರೆಯುತ್ತದೆ. ಮೊದಲ ಅರ್ಧ ಗಂಟೆಯನ್ನಾದರೂ ಬಿಡದೆ ನೋಡಿ. ಇಂಟರ್ನೆಟ್ ಆರ್ಕೈವ್‌ನಲ್ಲಿ ಹೈಪರ್‌ಕಾರ್ಡ್ ಕಟ್ಟುಗಳು ಬ್ರೌಸರಿನೊಳಗೇ ನಡೆಯುತ್ತವೆ. ಸರ್ನ್ 2013ರಲ್ಲಿ ಮೊದಲ ಜಾಲತಾಣವನ್ನು ಅದರ ಮೂಲ ವಿಳಾಸದಲ್ಲಿಯೇ ಮತ್ತೆ ನಿಲ್ಲಿಸಿತು, 2019ರಲ್ಲಿ 1990ರ ಮೊದಲ ಬ್ರೌಸರನ್ನು ಇಂದಿನ ಬ್ರೌಸರಿನೊಳಗೆ ಮರುಸೃಷ್ಟಿಸಿತು. ಅದನ್ನು ತೆರೆದಾಗ ಒಂದು ಸಂಗತಿಯನ್ನು ಪರೀಕ್ಷಿಸಿ ನೋಡಿ: ಪುಟದ ಅಕ್ಷರಗಳ ನಡುವೆ ಕರ್ಸರ್ ಇಟ್ಟು ನೇರವಾಗಿ ಬರೆಯಬಹುದು, ಪದವೊಂದನ್ನು ಆಯ್ದು ಮೆನುವಿನಿಂದ ಕೊಂಡಿ ಹಾಕಬಹುದು. ಬರ್ನರ್ಸ್-ಲೀ ಅವರ ಮೊದಲ ಬ್ರೌಸರ್ ಓದುವ ಸಾಧನವೂ ಬರೆಯುವ ಸಾಧನವೂ ಆಗಿತ್ತು. ಬೇರೆ ಯಂತ್ರಗಳಿಗೆ ಬೇಗ ತಲುಪಿಸುವ ಅವಸರದಲ್ಲಿ ಮಾಡಿದ ನಂತರದ ಬ್ರೌಸರುಗಳಲ್ಲಿ ಬರೆಯುವ ಭಾಗ ಬಿಟ್ಟುಹೋಯಿತು.